ಆಮೆಯೊಳಗಿನ ಬೆಳವಗಳು

ಜನವರಿ 12

ಗಿಡ್ಡೀ,

ಬದುಕಿದ್ದೀಯಾ? ಎಂಟು ತಿಂಗಳಾಯಿತು. ನಿನ್ನ ಕೆನ್ನೆಗೆ ಹೊಡೆದವನು ನಾನು, ಬಾಗಿಲಿಗೆ ಒದ್ದು ಹೋದವಳು ನೀನು. ಅಲ್ಲಿಗೆ ಇಬ್ಬರದೂ ಸರಿಸಮ. ಬಾಗಿಲು ಇನ್ನೂ ನೆಟ್ಟಗೆ ಮುಚ್ಚುತ್ತಿಲ್ಲ, ಕೆನ್ನೆಯ ಸಮಾಚಾರ ನೀನೇ ಹೇಳಬೇಕು. ಪೊಲೀಸಿಗೆ ಸೇರಬೇಡ ಅಂದೆ, ಸೇರಿದೆ. ಹಕ್ಕಿ ಮಾರುವವನ ಮಗಳಿಗೆ ಲಾಠಿ ಯಾಕೆ ಬೇಕಿತ್ತೋ ನನಗಂತೂ ಇವತ್ತಿಗೂ ಅರ್ಥವಾಗಿಲ್ಲ. ಇರಲಿ, ಅದನ್ನು ಕೆದಕಲು ಬರೆಸುತ್ತಿಲ್ಲ.

ನನ್ನ ವಿದ್ಯೆ ಬೋರ್ಡು ಬರೆಯುವಷ್ಟೇ ಎಂದು ನಿನಗೆ ಗೊತ್ತಲ್ಲ, ಇದನ್ನು ಪಕ್ಕದಂಗಡಿಯ ಪಂಜರದಕ್ಕ ಬರೆಯುತ್ತಿದ್ದಾಳೆ. (ಚೆನ್ನಾಗಿದ್ದೀಯೇನೇ? ಇವರು ಹೇಳಿದ್ದರಲ್ಲಿ ಬೈಗುಳ ಅರ್ಧ ಬಿಟ್ಟು ಬರೆಯುತ್ತಿದ್ದೇನೆ. ಪಂಜರದಕ್ಕ.)

ಆಮೆ ತೊಟ್ಟಿಯ ಮೇಲೆ ನನ್ನದೊಂದು ಬೋರ್ಡು ಇತ್ತಲ್ಲ, ಬಂದ ಬಂದ ಗಿರಾಕಿಯನ್ನು "ನಿಮ್ಮ ಭಾಷೇಲಿ ಇದಕ್ಕೇನಂತೀರಿ?" ಎಂದು ಕೇಳಿ ಬರೆದುಕೊಳ್ಳುತ್ತಿದ್ದದ್ದು, ಅದೀಗ ಹೆಸರು ಸೇರಿ ಸೇರಿ ಉದ್ದವಾಗಿ ನೆಲ ಮುಟ್ಟಿದೆ. ಜರ್ಮನಿಯವರಿಗೆ ಆಮೆ ಎಂದರೆ ಗುರಾಣಿಕಪ್ಪೆ. ಪರ್ಷಿಯಾದವರಿಗೆ ಕಲ್ಲುಬೆನ್ನು. ಹಂಗೇರಿಯವರಿಗೆ ತೊಟ್ಟಿಕಪ್ಪೆ. ಇಟಲಿಯವರ ಹೆಸರಿನ ಬೇರು ಅಗೆದರೆ ಪಾತಾಳದಲ್ಲಿರುವವನು ಎಂದು ಸಿಗುತ್ತದಂತೆ. ಇಷ್ಟು ಸಾಧು ಪ್ರಾಣಿ ಅವರಿಗೇನು ಮಾಡಿತ್ತೋ ಪಾಪ.

ಹೋದ ವಾರ ಈ ಬೋರ್ಡಿನ ದೆಸೆಯಿಂದ ರಕ್ತ ಹರಿಯಿತು. ಚೀನಾದ ಹಡಗಿನ ಇಬ್ಬರು ಅಡುಗೆಯವರು ಬಂದರು. ಹೆಸರು ಕೇಳಿದೆ. ಒಬ್ಬ ನಗುತ್ತಾ ಜೊತೆಗಾರನನ್ನೇ ತೋರಿಸಿ ಏನೋ ಅಂದ. ಅವರಲ್ಲಿ ಆಮೆಯ ಮೊಟ್ಟೆ ಅನ್ನುವುದು ಹೆತ್ತವರನ್ನು ಸೇರಿಸಿ ಬೈದ ಹಾಗೆ ಎಂದು ನನಗೇನು ಕನಸು ಬಿದ್ದಿತ್ತೇ? ಕಣ್ಣು ಮಿಟುಕಿಸುವಷ್ಟರಲ್ಲಿ ಇಬ್ಬರೂ ನೆಲದ ಮೇಲೆ. ಒಬ್ಬನ ಅರ್ಧ ಕಿವಿ ಇನ್ನೊಬ್ಬನ ಹಲ್ಲಿನಲ್ಲಿ. ಬಿಡಿಸಲು ಹೋದ ನನ್ನ ತುಟಿಯೂ ಹರಿಯಿತು. ನಾನು ಸುಮ್ಮನಿರುವ ಆಸಾಮಿಯೇ? ಪಂಜರ ಇಳಿಸುವ ಕೊಕ್ಕೆಗೋಲು ತೆಗೆದುಕೊಂಡು ಇಬ್ಬರ ಬೆನ್ನಿಗೂ ಬಾರಿಸಿದೆ. ಹೆಸರು ಮಾತ್ರ ಬೋರ್ಡಿಗೆ ಸೇರಿತು.

ಈಗ ನಿನ್ನ ಪಾಳಿ. ನಿಮ್ಮ ಪಡೆಯವರು ಗಲಭೆಯಲ್ಲಿ ಗುರಾಣಿಗಳನ್ನು ಮುಂದೆ, ತಲೆ ಮೇಲೆ ಜೋಡಿಸಿಕೊಂಡು ಒಂದೇ ಗುಡ್ಡೆಯಾಗಿ ನಡೆಯುವ ಫೋಟೋ ಪೇಪರಿನಲ್ಲಿ ನೋಡಿದೆ. ರೋಮಿನ ಸೈನಿಕರೂ ಹಾಗೆ ನಡೆದು, ಅದಕ್ಕೆ ಆಮೆ ಎಂದೇ ಹೆಸರಿಟ್ಟಿದ್ದರಂತೆ. ನೀವು ಏನೆನ್ನುತ್ತೀರಿ? ಬರೆ. ಈ ಬೀದಿಯಲ್ಲಿ ಕಾಗದ ಒಬ್ಬರಿಗೆ ಬಂದರೆ ಬೀದಿಗೇ ಬಂದ ಹಾಗೆ, ಮರೆತಿಲ್ಲ ತಾನೇ? ಎಲ್ಲರೂ ಅಂಗಡಿ ಮುಂದೆ ಕೂತು ಕೇಳಲು ಕಾಯುತ್ತಿದ್ದಾರೆ.

ನಿನ್ನ
ಅಪ್ಪ


ಜನವರಿ 27

ಅಪ್ಪಾ,

ಕೆನ್ನೆ ಸರಿಯಾಗಿದೆ. ಬಾಗಿಲನ್ನು ನೀನೇ ರಿಪೇರಿ ಮಾಡಿಸಿಕೋ. ಅದು ನನ್ನ ಕಾಲಿನ ತಪ್ಪಲ್ಲ, ನಿನ್ನ ಕೈಯ ತಪ್ಪು.

ನಾವೂ ಆಮೆ ಎಂದೇ ಕರೆಯುತ್ತೇವೆ. ಕವಾಯತು ಮೇಷ್ಟ್ರು ಸೀಟಿ ಊದಿ "ಆಮೆ!" ಎಂದು ಕೂಗಿದರೆ ನಾಲ್ಕು ಎಣಿಸುವುದರೊಳಗೆ ಚಿಪ್ಪು ಕಟ್ಟಬೇಕು. ಮುಂದಿನ ಸಾಲಿನವರು ಮಂಡಿ ಬಗ್ಗಿಸಿ ಗುರಾಣಿಯನ್ನು ನೆಲಕ್ಕೆ ತಾಗಿಸಿ ಹಿಡಿಯುತ್ತೇವೆ. ಹಿಂದಿನವರು ತಮ್ಮ ಗುರಾಣಿಯನ್ನು ನಮ್ಮ ತಲೆಯ ಮೇಲೆ ಚಾಚುತ್ತಾರೆ. ಆಮೇಲೆ ಮೇಷ್ಟ್ರು ಮತ್ತು ಅವರ ಶಿಷ್ಯರು ಇಟ್ಟಿಗೆ ಎಸೆಯುತ್ತಾರೆ. ನಿಜವಾದ ಇಟ್ಟಿಗೆ, ನಿಜವಾದ ಬೆಂಕಿ ಬಾಟಲಿ. ಮೊದಲ ವಾರದಲ್ಲಿ ಒಬ್ಬಳ ದವಡೆ ಮುರಿಯಿತು, ಇನ್ನೊಬ್ಬಳ ಕೂದಲಿಗೆ ಬೆಂಕಿ ಹತ್ತಿತು. ನನ್ನ ಎರಡು ಉಗುರು ಹೋದವು. ಅತ್ತರೆ ಮೇಷ್ಟ್ರು ಹೇಳುವುದು ಒಂದೇ ಮಾತು, "ಆಮೆ ಅಳೋದನ್ನ ಯಾರಾದ್ರೂ ನೋಡಿದೀರೇನ್ರೇ?"

ನಿನ್ನ ಹಕ್ಕಿಯೂ ಇಲ್ಲಿದೆ. ಕೆಳಗಿನವಳು, ಮೇಲಿನವಳು ಸೇರಿದರೆ ಒಂದು ಜೋಡಿ. ಆ ಜೋಡಿಯನ್ನು ಬೆಳವಗಳು ಎನ್ನುತ್ತಾರೆ. ಬೆಳವ ಒಂದು ಸಲ ಜೋಡಿಯಾದರೆ ಬಿಟ್ಟಿರುವುದಿಲ್ಲವಲ್ಲ, ಅದಕ್ಕೆ. ನನ್ನ ಜೋಡಿ ಉದ್ದಕ್ಕ. ಅವಳು ನನಗಿಂತ ಒಂದೂವರೆ ಅಡಿ ಎತ್ತರ. ನಾವಿಬ್ಬರೂ ನಡೆದರೆ ಇಡೀ ತುಕಡಿ ನಗುತ್ತದೆ. ನಮ್ಮ ಜಾಗ ಮುಂದಿನ ಸಾಲಿನ ಎಡತುದಿ. ಇಟ್ಟಿಗೆ ನನ್ನ ಹೆಲ್ಮೆಟ್ಟಿಗೆ ಬರುವ ಮೊದಲೇ ಅವಳ ಗುರಾಣಿ ಅಲ್ಲಿರುತ್ತದೆ. ಅಷ್ಟು ನಂಬಿಕೆ ನನಗೆ ಬೇರೆ ಯಾರ ಮೇಲೂ ಇಲ್ಲ.

ಗಿಡ್ಡಿ


ಫೆಬ್ರವರಿ 15

ಗಿಡ್ಡೀ,

ನಿನ್ನ ಕಾಗದವನ್ನು ಬೀದಿಯೇ ಕೇಳಿತು. ಬೆಳವದ ವಿಷಯ ಬಂದಾಗ ಎಲ್ಲರೂ ಹೋ ಎಂದರು. ಹಳೆಯ ಗಿರಾಕಿ, ಭಾಷೆ ಕಲಿಸುವ ಮೇಷ್ಟ್ರೊಬ್ಬರು, ಅಲ್ಲೇ ಇದ್ದರು. ಲ್ಯಾಟಿನ್ನಿನಲ್ಲಿ ಬೆಳವಕ್ಕೆ ಟುರ್ಟುರ್ ಎನ್ನುತ್ತಾರಂತೆ. ಹಕ್ಕಿ ಕೂಗುವ ಸದ್ದೇ ಅದರ ಹೆಸರು. ಹೀಬ್ರೂವಿನಲ್ಲಿ ತೋರ್. ಇಂಗ್ಲಿಷಿನವರು ಮೊದಲು ಬೆಳವಕ್ಕೆ ಇಟ್ಟಿದ್ದ ಟರ್ಟಲ್ ಎಂಬ ಹೆಸರನ್ನೇ ಆಮೇಲೆ ಆಮೆಗೂ ಇಟ್ಟರಂತೆ. ಹೆಸರಿಗೂ ಬರಗಾಲ ಬಂದಿತ್ತೇನೋ ಅವರಿಗೆ!

ಆದರೆ ನಿನ್ನ ಆಮೆಯನ್ನು ನಾನು ಒಪ್ಪುವುದಿಲ್ಲ. ಆಮೆಯನ್ನು ಕಡಿದವನು ನಾನು, ನಿನ್ನ ಕವಾಯತು ಮೇಷ್ಟ್ರಲ್ಲ. ನಿನ್ನ ಅಮ್ಮನನ್ನು ಕಟ್ಟಿಕೊಳ್ಳುವ ಮೊದಲು ಎರಡು ವರ್ಷ ಆಮೆ ಹಿಡಿದು ಕಡಿಯುವ ಮಾಂಸದ ದೋಣಿಯಲ್ಲಿದ್ದೆ. ಎದುರಿನಿಂದ ಬಡಿದರೆ ಕೊಡಲಿಯೇ ಹಿಂದಕ್ಕೆ ಹಾರುತ್ತದೆ. ಅಡಿಗೆ ಕೈ ಹಾಕಿ ಮಗುಚಬೇಕು. ಮಗುಚಿದ ಮೇಲೆ ಅದು ಕಾಲಾಡಿಸುವ ಮಾಂಸದ ತಟ್ಟೆ ಅಷ್ಟೇ. ಹೊಟ್ಟೆಯ ಚಿಪ್ಪಿನ ಅಂಚಿಗೆ ಕತ್ತಿ ಇಟ್ಟು ಸುತ್ತಲೂ ಎಳೆದರೆ ಮುಚ್ಚಳದ ಹಾಗೆ ಏಳುತ್ತದೆ. ಗುಂಡಿಗೆಯನ್ನು ಕಿತ್ತು ಅಂಗೈಯಲ್ಲಿಟ್ಟುಕೊಂಡರೂ ಬಹಳ ಹೊತ್ತು ಹೊಡೆದುಕೊಳ್ಳುತ್ತಿರುತ್ತದೆ. ಮೊದಲ ದಿನ ವಾಂತಿ ಮಾಡಿದೆ. ವಾರ ಕಳೆದ ಮೇಲೆ ಶಿಳ್ಳೆ ಹಾಕಿಕೊಂಡು ಕಡಿಯುತ್ತಿದ್ದೆ. ಮನುಷ್ಯನ ಕೈಗೆ ಎಲ್ಲವೂ ಅಭ್ಯಾಸವಾಗುತ್ತದೆ.

ಅದಕ್ಕೇ ಹೇಳುತ್ತಿದ್ದೇನೆ, ಮಗುಚಲಾಗದ ಆಮೆ ಈ ಭೂಮಿ ಮೇಲಿಲ್ಲ. ನಿನ್ನದೂ ಎಲ್ಲೋ ಬಾಯಿ ಬಿಡುತ್ತದೆ. ಎಲ್ಲಿ ಎಂದು ನಿನಗೇ ಗೊತ್ತಿಲ್ಲದಿದ್ದರೆ ನೀನು ಕಲಿತದ್ದು ದಂಡ. ಬೀದಿಯವರೆಲ್ಲ ನನ್ನ ಪರ.

ಇನ್ನೊಂದು ಸುದ್ದಿ. ನಗರಸಭೆಯಿಂದ ನೋಟೀಸು ಬಂದಿದೆ. ರಸ್ತೆ ಅಗಲ ಮಾಡಬೇಕಂತೆ, ಏಪ್ರಿಲ್ ಶುರುವಿಗೆ ಬೀದಿ ಖಾಲಿಯಾಗಬೇಕಂತೆ. ನೋಟೀಸು ಅಂಟಿಸಲು ಬಂದವನ ತಲೆಗೆ ಯಾರೋ ನೀರಿನ ಮಡಕೆ ಒಡೆದರು. ಯಾರು ಎಂದು ಕೇಳಬೇಡ. (ಇವರೇ. ಪಂಜರದಕ್ಕ.)

ನಿನ್ನ
ಅಪ್ಪ


ಮಾರ್ಚ್ 2

ಅಪ್ಪಾ,

ನಾನು ಕಲಿತದ್ದು ದಂಡವೇ? ಕೇಳು ಹಾಗಾದರೆ.

ಹೋದ ಗುರುವಾರ ಕಾರ್ಖಾನೆಯೊಂದರ ಗೇಟಿಗೆ ಹೋದೆವು. ಎದುರಿಗೆ ಐನೂರು ಜನ, ನಾವು ನಲವತ್ತು ಹುಡುಗಿಯರು. ಕಬ್ಬಿಣದ ಚೂರು, ಬೋಲ್ಟು, ಆ್ಯಸಿಡ್ಡು, ಕೈಗೆ ಸಿಕ್ಕಿದ್ದೆಲ್ಲ ಬಂತು. ಒಂದೂವರೆ ಗಂಟೆ ಚಿಪ್ಪಿನೊಳಗಿದ್ದೆವು. ಒಳಗೆ ಉಸಿರು, ಬೆವರು, ಯಾರದೋ ಮೂತ್ರದ ವಾಸನೆ. ಒಬ್ಬ ಸುತ್ತಿಗೆ ಹಿಡಿದು ನನ್ನ ಗುರಾಣಿಯನ್ನು ಬಡಿದ, ಬಡಿದ, ಅವನ ಮುಖ ನನ್ನಿಂದ ಒಂದು ಗೇಣು ದೂರ. ಸೀಟಿ ಊದಿದ ಕೂಡಲೇ ಚಿಪ್ಪು ತೆರೆದು ಅವನ ಮೊಣಕಾಲಿಗೆ ಹೊಡೆದೆ. ಮುರಿದದ್ದು ಕೈಗೆ ತಿಳಿಯಿತು. ನಮ್ಮಲ್ಲಿ ಒಬ್ಬಳೂ ಬೀಳಲಿಲ್ಲ. ಸಂಜೆ ಉದ್ದಕ್ಕ ನನ್ನ ಕೈ ತೊಳೆದು ಔಷಧಿ ಹಚ್ಚಿ, "ಇಷ್ಟು ಗಿಡ್ಡ ಇದೀಯ, ಇಷ್ಟೊಂದು ಸಿಟ್ಟು ಎಲ್ಲಿಟ್ಕೋತೀಯೇ?" ಅಂದಳು. ಅಪ್ಪನ ಆಸ್ತಿ ಅಂದೆ.

ಬಾಯಿ ಬಿಡುವ ಜಾಗ ನನಗೆ ಗೊತ್ತಿಲ್ಲ ಅಂದೆಯಲ್ಲ? ಗೊತ್ತು. ಒಂದೇ ಒಂದು ಜಾಗ. ಎಡಕ್ಕೆ ತಿರುವು ಬಂದಾಗ ಎಡತುದಿಯ ಜೋಡಿ ನಿಂತಲ್ಲೇ ತಿರುಗಬೇಕು, ಉಳಿದವರೆಲ್ಲ ಸುತ್ತಿ ಬರಬೇಕು. ಆ ಎರಡು ಹೆಜ್ಜೆಯ ಹೊತ್ತು ಮೇಲಿನ ಗುರಾಣಿ ಕೆಳಗಿನದರಿಂದ ಒಂದು ಗೇಣು ಸರಿಯುತ್ತದೆ. ಆಗ ಯಾರಾದರೂ ಅಂಚಿಗೆ ಏನಾದರೂ ಸಿಕ್ಕಿಸಿ ಎಳೆದರೆ ಮುಗಿಯಿತು, ಒಂದು ಹೋದರೆ ಸಾಲೇ ಬಿಚ್ಚಿಕೊಳ್ಳುತ್ತದೆ. ಆ ಎಡತುದಿ ಯಾರದು ಹೇಳು? ನಮ್ಮದೇ. ಇಡೀ ತುಕಡಿಯಲ್ಲಿ ನಾವೇ ಗಟ್ಟಿ ಎಂದು ಮೇಷ್ಟ್ರು ನಮ್ಮನ್ನು ಅಲ್ಲಿಟ್ಟಿದ್ದಾರೆ. ಹೋಗಿ ನಿನ್ನ ಬೀದಿಯವರಿಗೆ ಹೇಳು.

ನೋಟೀಸಿನ ವಿಷಯದಲ್ಲಿ ಹಟ ಮಾಡಬೇಡ. ತುಕಡಿ ಬಂದರೆ ಎದುರು ನಿಲ್ಲಬೇಡ, ಹಕ್ಕಿಗಳನ್ನು ತೆಗೆದುಕೊಂಡು ಹೊರಟುಬಿಡು. ಅವರವರ ಊರುಕೇರಿಗೆ ಅವರನ್ನು ಕಳಿಸುವುದಿಲ್ಲ ಎಂಬ ನಿಯಮವಿದೆ, ಹಾಗಾಗಿ ನಾನಂತೂ ಬರುವುದಿಲ್ಲ. ಬರುವವರು ನನ್ನಷ್ಟು ಒಳ್ಳೆಯವರಲ್ಲ.

ಗಿಡ್ಡಿ


ಮಾರ್ಚ್ 29

ಗಿಡ್ಡೀ,

ಏಪ್ರಿಲ್ ನಾಲ್ಕಕ್ಕೆ ಬುಲ್ಡೋಜರು ಬರುತ್ತದಂತೆ. ಬೀದಿಯವರು ಯಾರೂ ಕದಲುವುದಿಲ್ಲ ಎಂದು ಕೂತಿದ್ದಾರೆ. ನಾನೂ ಅಷ್ಟೇ. ಬೇರೆಲ್ಲಿಗೆ ಹೋಗಲಿ? ಮೂವತ್ತು ವರ್ಷ ಈ ತಿರುವಿನಲ್ಲಿ ಕೂತವನು.

ನಿನ್ನ ಕಾಗದವನ್ನು ಪಂಜರದಕ್ಕನಿಂದ ಮೂರು ಸಲ ಓದಿಸಿದರು. ಮೊದಲ ಸಲ ನಕ್ಕರು. ಎರಡನೇ ಸಲ ಸುಮ್ಮನೆ ಕೇಳಿದರು. ಮೂರನೇ ಸಲ, ತಿರುವಿನ ಮಾತು ಬಂದ ಕಡೆ ನಿಲ್ಲಿಸಿ, ಇನ್ನೊಮ್ಮೆ ಓದು ಅಂದರು.

(ಇಲ್ಲಿಗೆ ನಿಲ್ಲಿಸು ಎನ್ನುತ್ತಿದ್ದಾರೆ. ನೀನು ಈ ಕಡೆ ಬರಬೇಡ ಕಣೇ. ಪಂಜರದಕ್ಕ.)

ಅಪ್ಪ


ಏಪ್ರಿಲ್ 9

ಅಪ್ಪಾ,

ನಿನ್ನ ಮಾರ್ಚ್ ಕಾಗದ ನನ್ನ ಕೈಗೆ ಸಿಕ್ಕಿದ್ದು ನಿನ್ನೆ. ನಾಲ್ಕು ದಿನ ಮುಂಚೆ ಸಿಗಬೇಕಿತ್ತು.

ಜನ ಸಾಲಲಿಲ್ಲ ಎಂದು ನಿಯಮ ಮುರಿದು ನಮ್ಮನ್ನು ಹತ್ತಿಸಿದರು. ಯಾವ ಬೀದಿ ಎಂದು ಹೇಳಿದ್ದು ಲಾರಿಯಲ್ಲಿ ಕೂತ ಮೇಲೆ. ನಾನು ಇಳಿಯಬಹುದಿತ್ತು. ಇಳಿದರೆ ಉದ್ದಕ್ಕನ ಕೆಳಗೆ ಅಭ್ಯಾಸವಿಲ್ಲದವಳು ಬರುತ್ತಾಳೆ ಎಂದು ಇಳಿಯಲಿಲ್ಲ. ಅವಳು ಕಿವಿಯಲ್ಲಿ, "ನಿಮ್ಮಪ್ಪನ್ನ ತೋರ್ಸೇ, ಆ ಬೋರ್ಡು ನಾನೂ ನೋಡ್ಬೇಕು" ಅಂದಳು. ಅದೇ ಅವಳ ಕೊನೆಯ ತಮಾಷೆ.

ಬೀದಿಯ ಮೊದಲರ್ಧದಲ್ಲಿ ಒಂದು ಕಲ್ಲೂ ಬೀಳಲಿಲ್ಲ. ಆಗಲೇ ನನಗೆ ತಿಳಿಯಬೇಕಿತ್ತು. ನಮ್ಮ ಅಂಗಡಿಯ ತಿರುವಿಗೆ ಬಂದೆವು. ಎಡಕ್ಕೆ. ನಾವಿಬ್ಬರೂ ನಿಂತಲ್ಲೇ ತಿರುಗಿದೆವು. ಒಂದು ಹೆಜ್ಜೆ ಇಟ್ಟಿರಬೇಕು, ಅಷ್ಟೇ. ಎರಡೂ ಕಡೆಯಿಂದ ಕೊಕ್ಕೆಗೋಲುಗಳು ಬಂದವು. ಪಂಜರ ಇಳಿಸುವ ಕೊಕ್ಕೆ, ಅಪ್ಪಾ. ಚಿಕ್ಕವಳಿದ್ದಾಗ ನಾನು ಆಟವಾಡುತ್ತಿದ್ದ ಕೊಕ್ಕೆ. ಉದ್ದಕ್ಕನ ಗುರಾಣಿ ಹಾರಿಹೋಯಿತು. ಸಾಲು ಬಿಚ್ಚಿತು. ಆಮೇಲೆ ಕಲ್ಲು, ದೊಣ್ಣೆ, ಒಡೆದ ಗಾಜು, ಕುದಿಯುವ ನೀರು. ಬಲಗಡೆಯವಳ ಕಣ್ಣಿಗೆ ಕೊಕ್ಕೆ ಹೊಕ್ಕಿತು, ಆ ಕಣ್ಣು ಹೋಯಿತು. ನಾನು ಬಿದ್ದೆ. ಉದ್ದಕ್ಕ ಓಡಬಹುದಿತ್ತು. ಗುರಾಣಿ ಇಲ್ಲದೆ ಬಗ್ಗಿ ನನ್ನ ಮೇಲೆ ಮೈ ಚಾಚಿದಳು. ಯಾರೋ ಹೊಡೆದರು. ಕುತ್ತಿಗೆಗೆ. ಮತ್ತೊಮ್ಮೆ ಹೊಡೆದರು. ಅವಳ ರಕ್ತ ನನ್ನ ಹೆಲ್ಮೆಟ್ಟಿನ ಗಾಜಿನ ಮೇಲೆ ಸುರಿದು ನನಗೆ ಏನೂ ಕಾಣಿಸಲಿಲ್ಲ. ಕಂಡದ್ದು ಕೆಳಗೆ, ಹೊಡೆದವನ ಚಪ್ಪಲಿ ಮಾತ್ರ. ಚಪ್ಪಲಿಯ ವಿಷಯ ಈಗ ಬರೆಯುವುದಿಲ್ಲ.

ಆಸ್ಪತ್ರೆಗೆ ಹೋಗುವ ದಾರಿಯಲ್ಲಿ ಸತ್ತಳು. ನನ್ನ ಬೆರಳು ಹಿಡಿದಿದ್ದಳು. ಬಿಡಿಸಿಕೊಳ್ಳಲು ಇಬ್ಬರು ಬೇಕಾದರು.

ಯಾರು ಹೊಡೆದದ್ದು? ಅಂಗಡಿ ನಿನ್ನದು, ತಿರುವು ನಿನ್ನದು. ನೀನು ನೋಡಿರಲೇಬೇಕು. ಹೆಸರು ಹೇಳು.

ಗಿಡ್ಡಿ


ಏಪ್ರಿಲ್ 20

ಮಗಾ,

ಇದು ಪೂರ್ತಿ ನನ್ನದೇ ಕಾಗದ. ನಿಮ್ಮಪ್ಪ ಮಾತಾಡುತ್ತಿಲ್ಲ. ನಿನ್ನ ಕಾಗದ ಬಂತು ಅಂದೆ, ಓದಬೇಡ ಎಂದು ಕೈ ಅಡ್ಡ ಮಾಡಿದರು. ನಾನೊಬ್ಬಳೇ ಓದಿಕೊಂಡೆ. ಇಷ್ಟು ವರ್ಷದಲ್ಲಿ ಈ ಬೀದಿಯಲ್ಲಿ ಒಬ್ಬರೇ ಓದಿದ ಕಾಗದ ಅದೊಂದೇ.

ಬೀದಿಯೂ ಉಳಿಯಲಿಲ್ಲ ಬಿಡು. ನಿಮ್ಮವಳು ಬಿದ್ದ ಮೇಲೆ ಹಿಂದಿನಿಂದ ಇನ್ನೂರು ಜನ ಪೊಲೀಸರು ನುಗ್ಗಿದರು. ಹೆಂಗಸು ಗಂಡಸು ನೋಡಲಿಲ್ಲ. ನನ್ನ ಎಡಗೈ ಎರಡು ಕಡೆ ಮುರಿದಿದೆ. ಎದುರಂಗಡಿಯ ಮೀನಿನವನನ್ನು ಅವನ ಗಾಜಿನ ತೊಟ್ಟಿಯ ಮೇಲೆಯೇ ಕೆಡವಿದರು, ಇನ್ನೂ ಎದ್ದಿಲ್ಲ. ಅಂಗಡಿಗಳಿಗೆ ಬೆಂಕಿ ಬಿತ್ತು. ಪಂಜರದ ಬಾಗಿಲು ತೆರೆಯಲು ಯಾರಿಗೂ ಹೊತ್ತು ಸಿಗಲಿಲ್ಲ. ಬೆಳವಗಳು ಬೇಯುವ ಸದ್ದು ಕೇಳಿದ್ದೀಯಾ? ಕೇಳಬಾರದು.

ಕಾಗದ ಓದಿದವಳು ನಾನು. ಓದಬಾರದಿತ್ತು. ಆದರೆ ನೀನೂ ಒಂದು ಮಾತು ಕೇಳಿಸಿಕೋ. ನೀನು ಹುಟ್ಟಿ ಬೆಳೆದದ್ದು ಇಲ್ಲೇ. ಕಾಗದ ಬಂದರೆ ಎಲ್ಲರೆದುರು ಓದುತ್ತಾರೆ ಎಂದು ಗೊತ್ತಿದ್ದೂ, ಹೋಗಿ ಬೀದಿಯವರಿಗೆ ಹೇಳು ಎಂದು ಬರೆದವಳು ನೀನು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ನಾನು ಬೈಯುತ್ತಿಲ್ಲ. ಇಬ್ಬರೂ ಸೇರಿ ಒಡೆದೆವು ಎನ್ನುತ್ತಿದ್ದೇನೆ.

ಹೊಡೆದವರು ಯಾರು ಎಂದು ನನ್ನನ್ನು ಕೇಳಬೇಡ. ಠಾಣೆಯಲ್ಲಿ ಎರಡು ದಿನ ಕೂರಿಸಿ, ಮುರಿದ ಕೈಯನ್ನೇ ತಿರುಚಿ ಕೇಳಿದರು. ಹೇಳಲಿಲ್ಲ. ನಿನಗೂ ಹೇಳುವುದಿಲ್ಲ.

ಪಂಜರದಕ್ಕ


ಮೇ 2

ಅಪ್ಪಾ,

ಪಂಜರದಕ್ಕ ಹೇಳಿದ್ದು ಸರಿ. ಗೊತ್ತಿದ್ದೇ ಬರೆದೆ. ಅಲ್ಲಿದ್ದ ಎಲ್ಲರೂ ಕೇಳಲಿ, ಗಿಡ್ಡಿ ಗಿಡ್ಡಿ ಎಂದು ಆಡಿಕೊಂಡವರ ಹೊಟ್ಟೆ ಉರಿಯಲಿ ಎಂದು ಬರೆದೆ. ಜಂಬ. ಅದರ ಬೆಲೆ ತೆತ್ತವಳು ಬೇರೆಯವಳು.

ಉದ್ದಕ್ಕನ ಅಮ್ಮ ಇಲ್ಲಿ ಬಂದು ಕೂತಿದ್ದಾರೆ. ನಮ್ಮ ಗೇಟಿನ ಪಕ್ಕದ ಕಟ್ಟೆಯ ಮೇಲೆ, ಬೆಳಗಿನಿಂದ ಸಂಜೆವರೆಗೆ. ಬಟ್ಟೆ ಹೊಲಿಯುವ ಹೆಂಗಸು, ಕೈ ಸುಮ್ಮನಿರದೆ ಸೆರಗಿನ ಅಂಚನ್ನೇ ಬಿಚ್ಚಿ ಬಿಚ್ಚಿ ಹೊಲಿಯುತ್ತಾರೆ. ಅಳುವುದಿಲ್ಲ. ಒಳಗೆ ಹೋಗುವ, ಹೊರಗೆ ಬರುವ ಪ್ರತಿಯೊಬ್ಬರನ್ನೂ ಒಂದೇ ಮಾತು ಕೇಳುತ್ತಾರೆ. "ಯಾರಪ್ಪಾ ಹೊಡೆದಿದ್ದು? ಹೆಸರು ಗೊತ್ತಾಯ್ತಾ?" ನಾನು ಹಿಂದಿನ ಗೋಡೆ ಹಾರಿ ಓಡಾಡುತ್ತಿದ್ದೇನೆ.

ವಿಚಾರಣೆಯವರು ಮೂರು ಸಲ ಕರೆದರು. ಏನು ಕಂಡೆ ಅಂದರು. ರಕ್ತ ಕಂಡೆ ಅಂದೆ. ಕಾಲು, ಚಪ್ಪಲಿ ಏನಾದರೂ? ಇಲ್ಲ ಅಂದೆ.

ಟೈರಿನ ಅಟ್ಟೆ, ಹೆಬ್ಬೆರಳ ಹತ್ತಿರ ತಾಮ್ರದ ತಂತಿಯ ಹೊಲಿಗೆ. ಆ ಹೊಲಿಗೆ ಹಾಕಿದವಳು ನಾನೇ, ಹೋದ ವರ್ಷ, ನಿನ್ನ ಅಂಗಡಿಯ ಮೆಟ್ಟಿಲ ಮೇಲೆ ಕೂತು. ಅಂಥ ಜೊತೆ ಪ್ರಪಂಚದಲ್ಲಿ ಎರಡಿದ್ದರೆ ಹೇಳಿಬಿಡು. ಬೇರೆ ಯಾರೋ ಹಾಕಿಕೊಂಡಿದ್ದರು ಅನ್ನು. ಕಳುವಾಗಿತ್ತು ಅನ್ನು. ನಂಬುತ್ತೇನೆ.

ಗಿಡ್ಡಿ


ಮೇ 15

ಗಿಡ್ಡೀ,

ನಾನೇ ಬರೆಯುತ್ತಿದ್ದೇನೆ. ಅಕ್ಷರ ಬೋರ್ಡಿನಷ್ಟು ದೊಡ್ಡವು, ತಪ್ಪಿದ್ದರೆ ನಗಬೇಡ. ಮೂರು ದಿನ ಹಿಡಿಯಿತು.

ಚಪ್ಪಲಿ ಕಳುವಾಗಿರಲಿಲ್ಲ.

ನೀನು ಬರುವುದಿಲ್ಲ ಎಂದೇ ನಂಬಿದ್ದೆ. ನಿಯಮ ಇದೆ ಅಂದಿದ್ದೆಯಲ್ಲ. ಆದರೆ ಆ ಸಾಲು ಬೀದಿಗೆ ಬಂದಾಗ ಎಡತುದಿಯಲ್ಲಿ ಕೆಳಗೊಂದು ಗಿಡ್ಡ, ಮೇಲೊಂದು ಉದ್ದ ಕಂಡಿತು. ಮುಖ ಕಾಣದಿದ್ದರೂ ನೀನು ಮಂಡಿ ಬಗ್ಗಿಸಿ ನಡೆಯುವ ರೀತಿ ನನಗೆ ಗೊತ್ತಾಗುವುದಿಲ್ಲವೇ? ನಿಲ್ಲಿಸ್ರೋ, ಅದು ನನ್ನ ಮಗಳು ಕಣ್ರೋ ಅಂದೆ. ಯಾರು ಕೇಳುತ್ತಾರೆ? ಮೂವರು ಕೊಕ್ಕೆ ಹಿಡಿದು ನಿನ್ನ ಗುರಾಣಿಯ ಕಡೆಗೇ ಹೋದರು. ಅವರನ್ನು ತಳ್ಳಿ ನಾನು ಮುಂದೆ ನಿಂತೆ. ಬಿಚ್ಚಲೇಬೇಕು ಅಂದರೆ ಮೇಲಿನದನ್ನು ಬಿಚ್ಚೋಣ, ಕೆಳಗಿನದಕ್ಕೆ ಕೈ ಹಚ್ಚಬೇಡಿ ಎಂದು ಕೂಗಿ ನಾನೇ ಅವಳ ಗುರಾಣಿಗೆ ಕೊಕ್ಕೆ ಹಾಕಿ ಎಳೆದೆ.

ಅವಳು ನಿನ್ನ ಮೇಲೆ ಬಗ್ಗಿದಳು. ನಿನ್ನನ್ನು ತುಳಿಯುತ್ತಿದ್ದಾಳೆ ಅಂದುಕೊಂಡೆ. ಮೊದಲ ಏಟು ಅದಕ್ಕೆ. ಆ ಏಟಿಗೇ ಅವಳು ತಲೆ ಎತ್ತಿ ನನ್ನನ್ನು ನೋಡಿದಳು. ಹೆಲ್ಮೆಟ್ಟು ಹೋಗಿತ್ತು. ಹುಡುಗಿ. ತುಳಿಯುತ್ತಿಲ್ಲ, ಮುಚ್ಚುತ್ತಿದ್ದಾಳೆ ಎಂದು ಆಗ ಗೊತ್ತಾಯಿತು. ಗೊತ್ತಾದ ಮೇಲೂ ಎರಡನೆಯದು ಹೊಡೆದೆ ಗಿಡ್ಡೀ. ಸುಳ್ಳು ಹೇಳುವುದಿಲ್ಲ. ನಿನ್ನ ಕಾಗದದ ತುಂಬ ಅವಳೇ ಇದ್ದಳು. ಅಷ್ಟು ನಂಬಿಕೆ ಬೇರೆ ಯಾರ ಮೇಲೂ ಇಲ್ಲ ಎಂದು ನೀನು ಬರೆದಿದ್ದೆ, ಅದನ್ನು ಬೀದಿಯ ಮುಂದೆ ಓದಿಸಿಕೊಂಡು ಕೇಳಿದವನು ನಾನು. ನನ್ನ ಮಗಳನ್ನು ನನ್ನಿಂದ ಕಿತ್ತುಕೊಂಡವಳು ಇವಳೇ ಅನ್ನಿಸಿತು. ಸಿಟ್ಟಿನಲ್ಲಿ ಕೊಯ್ದ ಮೂಗು ಸಂತೋಷದಲ್ಲಿ ಬರುವುದಿಲ್ಲ ಎಂದು ನಿನಗೆ ಎಷ್ಟು ಸಲ ಹೇಳಿದ್ದೇನೋ. ನನಗೆ ಹೇಳುವವರು ಯಾರೂ ಇರಲಿಲ್ಲ.

ಊಟ ಸೇರುವುದಿಲ್ಲ. ಈ ಕಾಗದವನ್ನು ಏನು ಬೇಕಾದರೂ ಮಾಡು. ಒಲೆಗೆ ಹಾಕಿದರೂ ಸರಿ, ಮೇಲಿನವರಿಗೆ ಕೊಟ್ಟರೂ ಸರಿ. ನೀನು ಕೊಟ್ಟೆ ಎಂದು ನಾನು ಬೇಜಾರು ಮಾಡಿಕೊಳ್ಳುವುದಿಲ್ಲ.

ಅಪ್ಪ


ಮೇ 30

ಅಪ್ಪಾ,

ಹತ್ತು ದಿನ ನಿನ್ನ ಕಾಗದವನ್ನು ಬೂಟಿನೊಳಗಿಟ್ಟುಕೊಂಡು ಓಡಾಡಿದೆ. ಎರಡು ಸಲ ಬೆಂಕಿಕಡ್ಡಿ ಗೀರಿದೆ. ನೀನು ನನ್ನ ಅಪ್ಪ. ಅಮ್ಮ ಹೋದ ಮೇಲೆ ನನ್ನ ತಲೆ ಬಾಚಿದವನು, ಜಡೆ ಹೆಣೆಯಲು ಬಾರದೆ ಹಗ್ಗದ ಹಾಗೆ ಗಂಟು ಹಾಕಿ ಶಾಲೆಗೆ ಕಳಿಸಿದವನು. ಒಂದನೇ ಏಟನ್ನು ನಾನು ಹೇಗಾದರೂ ನುಂಗಿಕೊಳ್ಳುತ್ತಿದ್ದೆ. ಎರಡನೆಯದು ಗೊತ್ತಿದ್ದೇ ಹೊಡೆದದ್ದು ಎಂದು ಯಾಕೆ ಬರೆದೆ? ಬರೆಯದೇ ಇದ್ದಿದ್ದರೆ ನನಗೆ ಗೊತ್ತಾಗುತ್ತಲೇ ಇರಲಿಲ್ಲ.

ಮೊನ್ನೆ ಗೋಡೆ ಹಾರಲಿಲ್ಲ. ಗೇಟಿನಿಂದಲೇ ಹೊರಗೆ ಹೋದೆ. ಆ ಅಮ್ಮ ಕೇಳಿದರು, "ಹೆಸರು ಗೊತ್ತಾಯ್ತಾ ಮಗಾ?" ಹೇಳಿಬಿಟ್ಟೆ. ನಿನ್ನ ಹೆಸರು ಹೇಳಿದೆ, ಬೀದಿ ಹೇಳಿದೆ, ನನಗೆ ಏನಾಗಬೇಕು ಅಂತಲೂ ಹೇಳಿದೆ. ಅವರು ಸೂಜಿಯನ್ನು ಸೆರಗಿಗೆ ಚುಚ್ಚಿಕೊಂಡು ಎದ್ದು ಹೋದರು. ಆಮೇಲೆ ವಿಚಾರಣೆಯವರ ಮೇಜಿನ ಮೇಲೆ ನಿನ್ನ ಕಾಗದ ಇಟ್ಟೆ. ತಿರುವಿನ ಗುಟ್ಟು ಬರೆದು ಕಳಿಸಿದವಳು ನಾನೇ ಎಂದೂ ಹೇಳಿದೆ. ಸಮವಸ್ತ್ರ ಬಿಚ್ಚಿಸಿಕೊಂಡರು. ನನ್ನ ಮೇಲೂ ಮೊಕದ್ದಮೆ ಹಾಕುತ್ತಾರಂತೆ. ಹಾಕಲಿ.

ನಿನ್ನನ್ನು ಕ್ಷಮಿಸಿದ್ದೇನೆ ಎಂದು ಬರೆಯಲು ಕೂತೆ. ಕೈ ಬರುತ್ತಿಲ್ಲ ಅಪ್ಪಾ. ದ್ವೇಷಿಸುತ್ತೇನೆ ಎಂದು ಬರೆಯಲೂ ಬರುತ್ತಿಲ್ಲ. ಪೊಲೀಸರು ಬಂದಾಗ ಓಡಬೇಡ, ಎದುರು ಹೊಡೆಯಬೇಡ. ನಿನ್ನ ಬಿ.ಪಿ. ಮಾತ್ರೆ ಜೇಬಿನಲ್ಲಿಟ್ಟುಕೋ.

ಗಿಡ್ಡಿ


ಜೂನ್ 11

ಗಿಡ್ಡೀ,

ಆಸ್ಪತ್ರೆಯಿಂದ ಬರೆಯುತ್ತಿದ್ದೇನೆ. ಬಾಗಿಲಲ್ಲಿ ಪೇದೆ ಇದ್ದಾನೆ. ಇಲ್ಲಿಯ ನರ್ಸಮ್ಮ ಒಳ್ಳೆಯವಳು, ಗುಟ್ಟಾಗಿ ಅಂಚೆಗೆ ಹಾಕುತ್ತೇನೆ ಅಂದಿದ್ದಾಳೆ. ಬಲಗೈಯಲ್ಲಿ ಮೂರು ಬೆರಳು ಉಳಿದಿವೆ, ಅದಕ್ಕೇ ಅಕ್ಷರ ಹೀಗೆ.

ಪೊಲೀಸರಿಗಿಂತ ಮೊದಲು ಆ ತಾಯಿ ಬಂದರು. ಅಂಗಡಿ ಇದ್ದ ಜಾಗದಲ್ಲಿ ಇಟ್ಟಿಗೆ ರಾಶಿಯ ಮೇಲೆ ಕೂತಿದ್ದೆ. ಹೆಸರು ಹಿಡಿದು ಕರೆದರು. "ನೀನೇನಾ?" ಹೌದಮ್ಮ ನಾನೇ ಅಂದೆ. ಕೆಳಗಿಂದ ಒಂದು ಇಟ್ಟಿಗೆ ಎತ್ತಿಕೊಂಡರು. ಮೊದಲು ಬಾಯಿಗೆ ಹೊಡೆದರು. ಆಮೇಲೆ ಭುಜ, ಆಮೇಲೆ ಈ ಕೈಯನ್ನು ಕಲ್ಲಿನ ಮೇಲಿಟ್ಟು. ನಾನೇ ಇಟ್ಟೆ, ಅವರು ಹಿಡಿಯಲಿಲ್ಲ. ಪಂಜರದಕ್ಕ ಕೂಗಿಕೊಂಡು ಓಡಿ ಬಂದಳು. ಬರಬೇಡ ಅಂದೆ. ಇಟ್ಟಿಗೆ ಎರಡು ಹೋಳಾಯಿತು, ಇನ್ನೊಂದು ಎತ್ತಿಕೊಂಡರು. ಪಕ್ಕೆಲುಬು ಮುರಿಯುವವರೆಗೆ ನನಗೆ ನೆನಪಿದೆ.

ಎಚ್ಚರವಾದಾಗ ಪಕ್ಕದಲ್ಲೇ ಕೂತು ಏದುಸಿರು ಬಿಡುತ್ತಿದ್ದರು. ಕುಡಿಯಲು ನೀರು ಕೇಳಿದರು. ಅಲ್ಲಿ ನಲ್ಲಿ ಇದೆ ಎಂದು ಎಡಗೈಯಲ್ಲಿ ತೋರಿಸಿದೆ. ತಾವೂ ಕುಡಿದು ನನ್ನ ಬಾಯಿಗೂ ಒಂದಿಷ್ಟು ಬಿಟ್ಟರು. "ನಿನ್ನ ಮಗಳು ನಿನ್ನ ಹೆಸರು ಹೇಳುವಾಗ ನಡುಗ್ತಾ ಇದ್ಲು" ಅಂದರು. "ನನ್ನ ಮಗಳೂ ಅವಳನ್ನ ಗಿಡ್ಡಿ ಅಂತಲೇ ಬರೀತಿದ್ಲು." ಎದ್ದು ಹೋದರು. ಸೀರೆಗೆಲ್ಲ ನನ್ನ ರಕ್ತ. ಯಾರೂ ತಡೆಯಲಿಲ್ಲ.

ವಿಚಾರಣೆಯ ಅಧಿಕಾರಿ ದಿನಾ ಬರುತ್ತಾನೆ. ನನ್ನ ತಪ್ಪನ್ನೆಲ್ಲ ಒಪ್ಪಿಕೊಂಡು ರುಜು ಹಾಕಿದ್ದೇನೆ. ಅವನಿಗೆ ಅದು ಸಾಲದು. "ನಿನ್ನನ್ನ ಹೀಗೆ ಜಜ್ಜಿದ್ದು ಯಾರು? ಹೆಸರು ಹೇಳು, ಅವರನ್ನೂ ಒಳಗೆ ಹಾಕ್ತೀನಿ" ಎನ್ನುತ್ತಾನೆ. ಏಣಿಯಿಂದ ಬಿದ್ದೆ ಸ್ವಾಮಿ ಅಂದೆ. "ಅಂಗಡೀನೇ ಇಲ್ಲ, ಏಣಿ ಎಲ್ಲಿಂದ ಬಂತೋ?" ಅಂದ. ಆನಿಸೋಕೆ ಗೋಡೆ ಇರಲಿಲ್ಲ ಸ್ವಾಮಿ, ಅದಕ್ಕೇ ಬಿದ್ದೆ ಅಂದೆ.

ನಿನ್ನನ್ನೂ ಕರೆದು ಕೇಳುತ್ತಾರೆ. ಅಪ್ಪ ಏಣಿಯಿಂದ ಬಿದ್ದ ಅನ್ನು. ನಮ್ಮ ಮನೆಯವರ ಬಾಯಿಂದ ಒಂದು ಹೆಸರು ಹೊರಗೆ ಹೋದದ್ದು ಸಾಕು.

ನಿನ್ನ
ಅಪ್ಪ